ಟಿವಿ ಉದ್ಯಮದಿಂದ ಸಂಸ್ಕೃತಿ ಖಾತೆಗೆ: ಮಂಗೋಲಿಯಾದ ನೋಮಿನ್ ಬಗ್ಗೆ ಒಂದು ಚರ್ಚೆ

ದೂರದೇಶ_ಓದುಗ (ಚರ್ಚೆ ಆರಂಭಿಸಿದವರು)

ಎಲ್ಲರಿಗೂ ನಮಸ್ಕಾರ. ಮಂಗೋಲಿಯಾ ಅಂದರೆ ನಮ್ಮಲ್ಲಿ ಹೆಚ್ಚಿನವರಿಗೆ ಚೆಂಗೀಸ್ ಖಾನ್ ಒಬ್ಬನೇ ನೆನಪಾಗುತ್ತಾನೆ. ನನಗೆ ಆ ದೇಶದ ಇವತ್ತಿನ ರಾಜಕೀಯ ಓದುವ ಹುಚ್ಚು ಹಿಡಿದು ಕೆಲವು ವರ್ಷಗಳಾದವು. ಓದುತ್ತಾ ಹೋದಂತೆ ಒಬ್ಬ ಮಹಿಳೆಯ ಹೆಸರು ಮತ್ತೆ ಮತ್ತೆ ಬಂತು. ನೋಮಿನ್ ಚಿನ್‌ಬಾತ್. ಅವರ ಬಗ್ಗೆ ಇಲ್ಲಿ ನಾಲ್ಕು ಜನ ಸೇರಿ ಮಾತಾಡಿದರೆ ಚೆನ್ನಾಗಿರುತ್ತದೆ ಅನಿಸಿತು.

ಇವರು ರಾಜಕೀಯಕ್ಕೆ ಬರುವ ಮೊದಲು ಮಂಗೋಲ್ ಟಿವಿ ಎಂಬ ಖಾಸಗಿ ವಾಹಿನಿಯ ಮುಖ್ಯಸ್ಥೆ. ದೇಶದ ಜನಸಂಖ್ಯೆ ಸುಮಾರು 35 ಲಕ್ಷ, ಅಂದರೆ ಬೆಂಗಳೂರಿನ ಅರ್ಧವೂ ಇಲ್ಲ. ಇಷ್ಟು ಸಣ್ಣ ಮಾರುಕಟ್ಟೆಗೆ ಜಗತ್ತಿನ ದೊಡ್ಡ ರಿಯಾಲಿಟಿ ಕಾರ್ಯಕ್ರಮಗಳ ಹಕ್ಕು ಕೊಂಡು ತರುವುದು ಸುಲಭದ ಮಾತಲ್ಲ. ಆ ವಾಹಿನಿ ಅದನ್ನು ಮಾಡಿತು. 2015ರಲ್ಲಿ ಪ್ರತಿಭಾ ಸ್ಪರ್ಧೆ, 2018ರಲ್ಲಿ ಹಾಡಿನ ಸ್ಪರ್ಧೆ. ಎರಡಕ್ಕೂ ದೇಶದ ಮೂಲೆ ಮೂಲೆಯಿಂದ ಜನ ಬಂದರು. ಗಂಟಲಿನಿಂದ ಒಂದೇ ಸಲಕ್ಕೆ ಎರಡು ಸ್ವರ ಹೊರಡಿಸುವ ಖೂಮೇ ಹಾಡುಗಾರಿಕೆ, ಕುದುರೆ ತಲೆ ಕೆತ್ತಿದ ಎರಡು ತಂತಿಯ ಮೋರಿನ್ ಖೂರ್, ಮೈ ಬಿಲ್ಲಿನಂತೆ ಬಾಗಿಸುವ ಕಸರತ್ತು, ಇವೆಲ್ಲ ಪಾಪ್ ಸಂಗೀತದ ಪಕ್ಕದಲ್ಲೇ ನಿಂತಿರುವುದು ಮಂಗೋಲಿಯಾದ ವೇದಿಕೆಗಳ ವಿಶೇಷ.

2021ರ ಜನವರಿಯಲ್ಲಿ ಒಯುನ್-ಎರ್ಡೆನೆ ಪ್ರಧಾನಿಯಾದಾಗ ನೋಮಿನ್ ಸಂಸ್ಕೃತಿ ಸಚಿವೆಯಾದರು. ಆಗ ಆ ಸಚಿವಾಲಯಕ್ಕೆ ವರ್ಷವೂ ತುಂಬಿರಲಿಲ್ಲ. ಅದಕ್ಕೆ ಹಿಂದಿನ ಕೆಲವು ವರ್ಷ ಸಂಸ್ಕೃತಿ ಅನ್ನುವುದು ಶಿಕ್ಷಣ ಇಲಾಖೆಯ ಬಾಲವಾಗಿತ್ತು. 2024ರ ಚುನಾವಣೆ ನಂತರ ಖಾತೆ ಇನ್ನೂ ದೊಡ್ಡದಾಯಿತು. ಸಂಸ್ಕೃತಿ, ಕ್ರೀಡೆ, ಪ್ರವಾಸೋದ್ಯಮ, ಯುವಜನ ಎಲ್ಲವೂ ಒಬ್ಬರ ಕೈಗೆ ಬಂದವು. ಪ್ರವಾಸೋದ್ಯಮ ಅದಕ್ಕೆ ಮೊದಲು ಪರಿಸರ ಇಲಾಖೆಯಲ್ಲಿತ್ತು.

ನನ್ನ ತಕರಾರು ಇರುವುದು ಈ ಕೊನೆಯ ಬದಲಾವಣೆಯ ಬಗ್ಗೆ. ಸಂಸ್ಕೃತಿಯನ್ನೂ ಪ್ರವಾಸೋದ್ಯಮವನ್ನೂ ಒಂದೇ ಮೇಜಿನ ಮೇಲಿಟ್ಟರೆ, ಲೆಕ್ಕ ಹಾಕಲು ಸುಲಭವಾದದ್ದು ಗೆಲ್ಲುತ್ತದೆ. ಎಷ್ಟು ಜನ ವಿಮಾನ ಇಳಿದರು ಅನ್ನುವುದನ್ನು ಎಣಿಸಬಹುದು. ಒಬ್ಬ ಹಳೆಯ ಹಾಡುಗಾರ 'ಉದ್ದ ಹಾಡು' ಎಂಬ ಅಲ್ಲಿನ ಸಾಂಪ್ರದಾಯಿಕ ಹಾಡುಗಾರಿಕೆಯನ್ನು ಎಷ್ಟು ಮಕ್ಕಳಿಗೆ ಕಲಿಸಿದ ಅನ್ನುವುದನ್ನು ಯಾರು ಎಣಿಸುತ್ತಾರೆ? ಸಂಸ್ಕೃತಿ ಸಚಿವರ ಮೊದಲ ಕೆಲಸ ಇರುವುದನ್ನು ಕಾಯುವುದು, ತೋರಿಸುವುದು ಅದರ ನಂತರ. ಇದು ನನ್ನ ನಿಲುವು. ನೀವೇನಂತೀರಿ?

ಗಾಳಿಪಟ_ಮೈಸೂರು

ಒಳ್ಳೆಯ ವಿಷಯ ಎತ್ತಿದ್ದೀರಿ ಸರ್. ಆದರೆ ಕಾಯುವುದು, ತೋರಿಸುವುದು ಎರಡನ್ನೂ ಹೀಗೆ ಬೇರೆ ಮಾಡಬಹುದಾ?

ಮಂಗೋಲಿಯಾದ ಉತ್ತರಕ್ಕೆ ರಷ್ಯಾ, ದಕ್ಷಿಣಕ್ಕೆ ಚೀನಾ. ಮೂರನೆಯ ನೆರೆಯವರೇ ಇಲ್ಲ. ರಫ್ತಿನಲ್ಲಿ ನೂರಕ್ಕೆ ಹತ್ತಿರ ಹತ್ತಿರ 90 ಭಾಗ ಗಣಿ ಸರಕು, ಮುಖ್ಯವಾಗಿ ಕಲ್ಲಿದ್ದಲು ಮತ್ತು ತಾಮ್ರ. ಅದರಲ್ಲೂ ಬಹುಪಾಲು ಹೋಗುವುದು ಚೀನಾಕ್ಕೆ. ಇಂಥ ದೇಶಕ್ಕೆ ತನ್ನ ಹೆಸರು ಹೊರಗೆ ಕೇಳಿಸಬೇಕಾದ ಅಗತ್ಯ ನಮ್ಮಂಥ ದೊಡ್ಡ ದೇಶಕ್ಕಿಂತ ಜಾಸ್ತಿ.

ಒಂದು ಉದಾಹರಣೆ ಕೊಡುತ್ತೇನೆ. ಫ್ರಾನ್ಸಿನ ನಾಂತ್ ಊರಿನ ಕೋಟೆ ಮ್ಯೂಸಿಯಂ ಚೆಂಗೀಸ್ ಖಾನ್ ಬಗ್ಗೆ ಪ್ರದರ್ಶನ ಇಡಲು ಹೊರಟಿತ್ತು. ವಸ್ತುಗಳು ಚೀನಾದ ಒಳ ಮಂಗೋಲಿಯಾದಿಂದ ಬರಬೇಕಿತ್ತು. 2020ರಲ್ಲಿ ಚೀನಾದ ಅಧಿಕಾರಿಗಳು 'ಚೆಂಗೀಸ್ ಖಾನ್', 'ಸಾಮ್ರಾಜ್ಯ', 'ಮಂಗೋಲ್' ಎಂಬ ಪದಗಳನ್ನೇ ತೆಗೆಯಿರಿ ಎಂದು ಒತ್ತಾಯಿಸಿದರು. ಮ್ಯೂಸಿಯಂನವರು ಒಪ್ಪದೆ ಪ್ರದರ್ಶನವನ್ನೇ ಮುಂದೂಡಿದರು. ಕೊನೆಗೆ ಅದು ನಡೆದದ್ದು 2023ರ ಅಕ್ಟೋಬರಿನಲ್ಲಿ. ಈ ಸಲ ವಸ್ತುಗಳು ಬಂದದ್ದು ಸ್ವತಂತ್ರ ಮಂಗೋಲಿಯಾದಿಂದ, ರಾಜಧಾನಿ ಉಲಾನ್‌ಬಾತರ್‌ನಲ್ಲಿ 2022ರಲ್ಲಷ್ಟೇ ತೆರೆದ ಚೆಂಗೀಸ್ ಖಾನ್ ರಾಷ್ಟ್ರೀಯ ಮ್ಯೂಸಿಯಂ ನೆರವಿನಿಂದ. ಫ್ರಾನ್ಸ್ ಅಧ್ಯಕ್ಷ ಮ್ಯಾಕ್ರಾನ್ 2023ರ ಮೇ ತಿಂಗಳಲ್ಲಿ ಆ ಮ್ಯೂಸಿಯಂಗೆ ಹೋಗಿದ್ದರು.

ಆ ಮ್ಯೂಸಿಯಂ ತೆರೆದದ್ದು, ಪ್ರದರ್ಶನ ನಡೆದದ್ದು ಎರಡೂ ನೋಮಿನ್ ಸಚಿವೆಯಾಗಿದ್ದ ಕಾಲದ್ದೇ. ಆ ಪ್ರದರ್ಶನ ತೋರಿಕೆಯಾ, ಕಾವಲಾ? ನನಗಂತೂ ಎರಡೂ ಒಂದೇ ಅನಿಸುತ್ತದೆ. ನೀವು ನಿಮ್ಮ ಕಥೆ ಹೇಳದಿದ್ದರೆ ಬೇರೆಯವರು ಅವರಿಗೆ ಬೇಕಾದ ಹಾಗೆ ಹೇಳುತ್ತಾರೆ.

ರಂಗಪ್ರಿಯೆ

ಗಾಳಿಪಟ ಅವರ ಮಾತಿಗೆ ನನ್ನದೂ ಒಂದು ಸೇರ್ಪಡೆ. ನಾನು ರಂಗಭೂಮಿಯ ಹವ್ಯಾಸಿ, ಹಾಗಾಗಿ ನನಗೆ ಈ ಸುದ್ದಿ ಮನಸ್ಸಿಗೆ ತುಂಬ ಹತ್ತಿರದ್ದು.

2023ರಲ್ಲಿ ಮಂಗೋಲ್ ಕಲಾವಿದರ ಒಂದು ದೊಡ್ಡ ಐತಿಹಾಸಿಕ ನಾಟಕ ಚೀನಾದ ಹೊಹ್ಹೋಟ್ ನಗರದಲ್ಲಿ ಆಡಬೇಕಿತ್ತು. ತಂಡ ಅಲ್ಲಿಗೆ ಹೋದ ಮೇಲೆ ಅನುಮತಿ ಸಿಗಲಿಲ್ಲ. ಅದೇ ನಾಟಕ ನವೆಂಬರಿನಲ್ಲಿ ಲಂಡನ್ನಿನ ಕೊಲಿಸಿಯಂ ರಂಗಮಂದಿರದಲ್ಲಿ ನಡೆಯಿತು. ಮಂಗೋಲಿಯಾದ ಸಂಸ್ಕೃತಿ ಸಚಿವಾಲಯ ಬೆನ್ನಿಗೆ ನಿಂತಿತ್ತು. ಭಾಷೆ ಮಂಗೋಲಿಯನ್, ವೇಷ ಭೂಷಣ ಅಲ್ಲಿಯದೇ, ವೇದಿಕೆ ತುಂಬ ಕುಣಿಯುವವರು. ಲಂಡನ್ ಪ್ರೇಕ್ಷಕರಿಗೆ ಅನುವಾದದ ಸಾಲುಗಳನ್ನು ತೋರಿಸಿದರು.

ಟಿವಿ ಲೋಕದಿಂದ ಬಂದವರಿಗೆ ಇದು ಗೊತ್ತಿರುತ್ತದೆ: ಒಂದು ದೊಡ್ಡ ಪ್ರದರ್ಶನವನ್ನು ಊರಿಂದೂರಿಗೆ ಸಾಗಿಸಲು ಹಣ, ಹಡಗು, ವೀಸಾ, ಒಪ್ಪಂದ ಎಷ್ಟು ಬೇಕು ಅಂತ. ಬರೀ ಕಡತ ನೋಡಿ ಬೆಳೆದ ಅಧಿಕಾರಿಗೆ ಇದು ಬರುವುದಿಲ್ಲ. ಆ ದೃಷ್ಟಿಯಿಂದ ಉದ್ಯಮದವರು ಈ ಖಾತೆಗೆ ಬಂದದ್ದು ಒಳ್ಳೆಯದೇ.

ಸಿನಿಮಾ ವಿಷಯವನ್ನೂ ಮರೆಯಬೇಡಿ. 2021ರಲ್ಲಿ ಸಿನಿಮಾ ಪ್ರೋತ್ಸಾಹಕ್ಕೆಂದೇ ಕಾನೂನು ಬಂತು. ಹೊರದೇಶದವರು ಅಲ್ಲಿ ಚಿತ್ರೀಕರಣ ಮಾಡಿದರೆ ಖರ್ಚಿನ ಒಂದು ಪಾಲು ವಾಪಸ್ ಕೊಡುವ ವ್ಯವಸ್ಥೆ ಅದರಲ್ಲಿದೆ. 2023ರಲ್ಲಿ ಕಾನ್ ಚಿತ್ರೋತ್ಸವದ ಅಧಿಕೃತ ಆಯ್ಕೆಗೆ ಮೊದಲ ಬಾರಿ ಮಂಗೋಲಿಯಾದ ಚಿತ್ರ ಹೋಯಿತು. ಅದನ್ನು ಮಾಡಿದ್ದೂ ಒಬ್ಬ ಮಹಿಳೆ. ಕಥೆ ಇರುವುದು ರಾಜಧಾನಿಯ ಬಡ ಗೆರ್ ಬಡಾವಣೆಯಲ್ಲಿ (ಗೆರ್ ಅಂದರೆ ಅಲ್ಲಿನ ದುಂಡನೆಯ ಡೇರೆ ಮನೆ), ಚಳಿಗಾಲದಲ್ಲಿ ಮನೆ ಬೆಚ್ಚಗಿಡಲು ಹೆಣಗುವ ಹುಡುಗನ ಬಗ್ಗೆ. ಪೋಸ್ಟರಿನ ಮಂಗೋಲಿಯಾ ಅಲ್ಲ ಅದು, ನಿಜವಾದ ಮಂಗೋಲಿಯಾ.

ದೂರದೇಶ_ಓದುಗ

ಇಬ್ಬರಿಗೂ ಧನ್ಯವಾದ. ನಾಂತ್ ಪ್ರಸಂಗ ಬಹಳ ಮುಖ್ಯವಾದದ್ದು. ಆದರೆ ಗಮನಿಸಿ, ಅಲ್ಲಿ ಗೆಲುವು ಸಿಕ್ಕಿದ್ದು ಏಕೆ? ಕೊಡಲು ಮಂಗೋಲಿಯಾದ ಹತ್ತಿರ ವಸ್ತುಗಳಿದ್ದವು. ಯಾರೋ ಮೊದಲೇ ಕಾಯ್ದಿಟ್ಟಿದ್ದರು. ನನ್ನ ಮಾತು ಅಲ್ಲಿಗೇ ಬರುತ್ತದೆ.

ಇದಕ್ಕೆ ಇನ್ನೊಬ್ಬ ಸಚಿವೆಯ ಕಥೆ ಹೇಳಲೇಬೇಕು. ಒಯುನ್‌ಗೆರೆಲ್ ತ್ಸೆದೆವ್‌ದಂಬ. ಇವರು ಉದ್ಯಮಿ ಅಲ್ಲ, ಬರಹಗಾರ್ತಿ ಮತ್ತು ಮಾನವ ಹಕ್ಕುಗಳ ಹೋರಾಟಗಾರ್ತಿ. 2012ರಿಂದ 2014ರವರೆಗೆ ಸಂಸ್ಕೃತಿ, ಕ್ರೀಡೆ ಮತ್ತು ಪ್ರವಾಸೋದ್ಯಮ ಸಚಿವೆ. ಹೌದು, ಈ ಮೂರೂ ಒಂದೇ ಖಾತೆಯಲ್ಲಿ ಆಗಲೂ ಇದ್ದವು. ಆಮೇಲೆ ಬಿಡಿಸಿದರು, ಹತ್ತು ವರ್ಷದ ನಂತರ ಮತ್ತೆ ಕೂಡಿಸಿದರು.

2012ರ ಮೇ ತಿಂಗಳು. ಆಗ ಅವರಿನ್ನೂ ಅಧ್ಯಕ್ಷ ಎಲ್ಬೆಗ್‌ದೋರ್ಜ್ ಅವರ ಸಲಹೆಗಾರ್ತಿ. ನ್ಯೂಯಾರ್ಕಿನಲ್ಲಿ ಒಂದು ಡೈನೋಸಾರ್ ಅಸ್ಥಿಪಂಜರ ಹರಾಜಿಗಿದೆ ಅನ್ನುವ ಸುದ್ದಿ ಗೊತ್ತಾಯಿತು. ಟಾರ್ಬೋಸಾರಸ್ ಬಟಾರ್, 24 ಅಡಿ ಉದ್ದ. ಈ ಪ್ರಾಣಿಯ ಇಂಥ ಅಸ್ಥಿಪಂಜರ ಸಿಗುವುದು ಗೋಬಿ ಮರುಭೂಮಿಯಲ್ಲಿ. ಮಂಗೋಲಿಯಾದಲ್ಲಿ 1924ರಿಂದಲೂ ಪಳೆಯುಳಿಕೆ ಹೊರಗೆ ಸಾಗಿಸುವುದಕ್ಕೆ ಕಾನೂನಿನ ತಡೆ ಇದೆ. ಹಾಗಿದ್ದರೆ ಇದು ಅಮೆರಿಕಕ್ಕೆ ಹೋಗಿದ್ದು ಹೇಗೆ? ಅಲ್ಲಿ ಕೆಲಸ ಮಾಡುತ್ತಿದ್ದ ಮಂಗೋಲಿಯಾದ ಪಳೆಯುಳಿಕೆ ತಜ್ಞೆ ಬೊಲೊರ್‌ತ್ಸೆತ್ಸೆಗ್ ಮಿನ್‌ಜಿನ್ ಕೂಡ ಎಚ್ಚರಿಸಿದರು. ಅಧ್ಯಕ್ಷರ ಕಚೇರಿ ಟೆಕ್ಸಾಸ್‌ನ ವಕೀಲರೊಬ್ಬರನ್ನು ಹಿಡಿದು ನ್ಯಾಯಾಲಯದ ತಡೆಯಾಜ್ಞೆ ತಂದಿತು. ಆದರೂ ಹರಾಜು ನಡೆದೇ ಹೋಯಿತು. ಬೆಲೆ 10 ಲಕ್ಷ ಡಾಲರಿಗೂ ಹೆಚ್ಚು.

ಆಮೇಲೆ ಅಮೆರಿಕ ಸರ್ಕಾರವೇ ಮೊಕದ್ದಮೆ ಹೂಡಿತು. ಆ ದೇಶದ ಪದ್ಧತಿ ಪ್ರಕಾರ ಮೊಕದ್ದಮೆ ಅಸ್ಥಿಪಂಜರದ ಮೇಲೇ! ಬ್ರಿಟನ್ನಿನಿಂದ ಬಂದದ್ದು ಅಂತ ಸುಳ್ಳು ಕಾಗದ ಮಾಡಿ, ಬೆಲೆ 15 ಸಾವಿರ ಡಾಲರ್ ಅಂತ ತೋರಿಸಿ ತರಿಸಿದ್ದರು. ಮಾರಾಟಗಾರ ಅದೇ ವರ್ಷ ಡಿಸೆಂಬರಿನಲ್ಲಿ ತಪ್ಪೊಪ್ಪಿಕೊಂಡ. 2013ರ ಮೇನಲ್ಲಿ ಅಸ್ಥಿಪಂಜರ ಮಂಗೋಲಿಯಾಕ್ಕೆ ವಾಪಸ್ಸಾಯಿತು. ಅಷ್ಟು ಹೊತ್ತಿಗೆ ಒಯುನ್‌ಗೆರೆಲ್ ಸಚಿವೆ. ರಾಜಧಾನಿಯ ಸುಖ್‌ಬಾತರ್ ಚೌಕದಲ್ಲಿ ಅದನ್ನು ಪ್ರದರ್ಶನಕ್ಕಿಟ್ಟರು. ಜನ ಸಾಲುಗಟ್ಟಿ ನೋಡಿದರು. ಆಮೇಲೆ ಹಳೆಯ ಲೆನಿನ್ ಮ್ಯೂಸಿಯಂ ಕಟ್ಟಡವನ್ನೇ ಡೈನೋಸಾರ್ ಮ್ಯೂಸಿಯಂ ಮಾಡಿದರು. ಈ ಪ್ರಕರಣ ನೋಡಿ ಬೇರೆಯವರೂ ಪಳೆಯುಳಿಕೆ ಹಿಂತಿರುಗಿಸತೊಡಗಿದರು.

ಯೋಚನೆ ಮಾಡಿ. ಡೈನೋಸಾರ್ ಮೊಟ್ಟೆಯ ಗೂಡು ಅಂತ ಜಗತ್ತು ಮೊದಲು ಗುರುತಿಸಿದ್ದೇ 1923ರಲ್ಲಿ, ಗೋಬಿಯ ಬಯನ್‌ಜಾಗ್‌ನಲ್ಲಿ. ಅಮೆರಿಕದ ತಂಡ ಅಗೆದು ತೆಗೆದುಕೊಂಡು ಹೋಯಿತು. ನೋಡಬೇಕಾದರೆ ಮಂಗೋಲಿಯಾದ ಮಕ್ಕಳು ನ್ಯೂಯಾರ್ಕಿಗೆ ಹೋಗಬೇಕಿತ್ತು. 90 ವರ್ಷದ ನಂತರ ಒಂದು ಅಸ್ಥಿಪಂಜರ ಮನೆಗೆ ಬಂದಾಗ ಆ ಊರಿನವರಿಗೆ ಏನನಿಸಿರಬಹುದು! ಯಾವ ಜಾಹೀರಾತಿನಿಂದಲೂ ಅದು ಆಗುತ್ತಿರಲಿಲ್ಲ. ಈಗ ಪ್ರವಾಸಿಗರೂ ಅದನ್ನು ನೋಡಲು ಬರುತ್ತಾರೆ, ಅದು ಬೇರೆ ಮಾತು.

ಕುರಿಹಟ್ಟಿ_ಕಡೂರು

ಎಲ್ಲಾ ಓದಿದೆ. ಮ್ಯೂಸಿಯಂ, ನಾಟಕ, ಡೈನೋಸಾರ್ ಎಲ್ಲಾ ಸರಿ. ಕುರಿ ಕಾಯುವವರ ಮಾತು ಯಾರೂ ಎತ್ತಲಿಲ್ಲ.

ನಮ್ಮದು ಕುರಿ ಸಾಕುವ ಮನೆತನ. ಅದಕ್ಕೇ ಮಂಗೋಲಿಯಾದ ಸುದ್ದಿ ಬಂದಾಗ ನಾನು ಮೊದಲು ನೋಡುವುದು ಅಲ್ಲಿನ ಜಾನುವಾರು ಲೆಕ್ಕ. 2023ರ ಕೊನೆಗೆ ಅಲ್ಲಿ ಸುಮಾರು 6.5 ಕೋಟಿ ಜಾನುವಾರು ಇದ್ದವು. ಕುರಿ, ಮೇಕೆ, ದನ, ಕುದುರೆ, ಒಂಟೆ ಎಲ್ಲ ಸೇರಿ. ಆ ಚಳಿಗಾಲ ಜುದ್ ಬಂತು. ಹಿಮ ದಪ್ಪವಾಗಿ ಬಿದ್ದು ಗಟ್ಟಿಯಾಗಿ, ಕೆಳಗಿರುವ ಹುಲ್ಲು ಪ್ರಾಣಿಗಳ ಬಾಯಿಗೆ ಸಿಗದೆ ಹೋಗುವುದಕ್ಕೆ ಅವರು ಜುದ್ ಅನ್ನುತ್ತಾರೆ. 70 ಲಕ್ಷಕ್ಕೂ ಹೆಚ್ಚು ಪ್ರಾಣಿಗಳು ಸತ್ತವು. ಎಷ್ಟೋ ಕುಟುಂಬ ಹಿಂಡೆಲ್ಲ ಕಳೆದುಕೊಂಡು ಉಲಾನ್‌ಬಾತರ್ ಅಂಚಿಗೆ ಬಂದು ಗೆರ್ ಹಾಕಿಕೊಂಡವು. ಈಗ ದೇಶದ ಅರ್ಧದಷ್ಟು ಜನ ಆ ಒಂದೇ ನಗರದಲ್ಲಿದ್ದಾರೆ.

ಪ್ರವಾಸಿಗರು ದುಡ್ಡು ಕೊಟ್ಟು ನೋಡಲು ಬರುವುದು ಇವರ ಬದುಕನ್ನೇ ತಾನೇ? ಹುಲ್ಲುಗಾವಲು, ಗೆರ್, ಕುದುರೆ, ಕುದುರೆ ಹಾಲು ಹುಳಿಸಿದ ಐರಗ್. ಹುಲ್ಲುಗಾವಲಿನಲ್ಲಿ ಜನವೇ ಇಲ್ಲದಿದ್ದರೆ ಏನು ತೋರಿಸುತ್ತಾರೆ? ಟಿವಿ ಉದ್ಯಮದವರಿಗೆ ಕ್ಯಾಮೆರಾ ಮುಂದಿನದು ಗೊತ್ತಿರುತ್ತದೆ. ಕ್ಯಾಮೆರಾ ಇಲ್ಲದಾಗ ಫೆಬ್ರವರಿಯಲ್ಲಿ ಆ ಕುಟುಂಬ ಏನು ತಿನ್ನುತ್ತದೆ ಅನ್ನುವುದನ್ನೂ ಸಚಿವರು ಕೇಳಬೇಕು. ಪ್ರವಾಸೋದ್ಯಮ ಪರಿಸರ ಇಲಾಖೆಯಲ್ಲೇ ಇದ್ದಿದ್ದರೆ ಹುಲ್ಲು ಮತ್ತು ನೀರಿನ ಪ್ರಶ್ನೆ ಅದೇ ಮೇಜಿನ ಮೇಲೆ ಇರುತ್ತಿತ್ತು. ಈ ಒಂದು ವಿಷಯದಲ್ಲಿ ನಾನು ದೂರದೇಶ ಅಣ್ಣನವರ ಕಡೆ.

ಅಲೆಮಾರಿ_ಅಕ್ಕ

ನಾನು ಅಲ್ಲಿಗೆ ಹೋಗಿ ಬಂದವಳು, ನಾದಮ್ ಹಬ್ಬದ ಸಮಯದಲ್ಲಿ. ಜುಲೈ 11ರಿಂದ ನಡೆಯುವ ಕುಸ್ತಿ, ಕುದುರೆ ಓಟ, ಬಿಲ್ಲುಗಾರಿಕೆಯ ಹಬ್ಬ. ಕುದುರೆ ಓಡಿಸುವವರು ಸಣ್ಣ ಮಕ್ಕಳು! ಹುಲ್ಲುಗಾವಲಿನಲ್ಲಿ ಕಿಲೋಮೀಟರ್‌ಗಟ್ಟಲೆ ಓಟ. ದೂಳು ಏಳುವುದು ಮೊದಲು ಕಾಣುತ್ತದೆ, ಆಮೇಲೆ ಕುದುರೆಗಳು.

ಕುರಿಹಟ್ಟಿ ಅವರ ಮಾತಿಗೆ ನನ್ನ ಅನುಭವ ಸೇರಿಸುತ್ತೇನೆ. ಪ್ರವಾಸಿ ಗೆರ್ ಶಿಬಿರಗಳಲ್ಲಿ ಹೆಚ್ಚಿನವನ್ನು ನಡೆಸುವುದು ರಾಜಧಾನಿಯ ಕಂಪನಿಗಳು. ದನಗಾಹಿ ಕುಟುಂಬದ ಮನೆಯಲ್ಲೇ ಉಳಿಯುವ ವ್ಯವಸ್ಥೆಯೂ ಇದೆ. ನಾವು ಎರಡನ್ನೂ ನೋಡಿದೆವು. ಕುಟುಂಬದವರ ಹತ್ತಿರ ಉಳಿದಾಗ ದುಡ್ಡು ನೇರವಾಗಿ ಆ ಮನೆಯ ಹೆಂಗಸಿನ ಕೈಗೆ ಹೋಯಿತು. ಬೆಳಿಗ್ಗೆ ಅವರೊಂದಿಗೆ ಹಾಲು ಕರೆದೆವು, ಮೊಸರನ್ನು ಹಿಂಡಿ ಒಣಗಿಸಿ ಆರೂಲ್ ಮಾಡುವುದನ್ನು ನೋಡಿದೆವು. ಕಲ್ಲಿನಷ್ಟು ಗಟ್ಟಿ ಅದು, ಬಾಯಲ್ಲಿಟ್ಟು ನಿಧಾನವಾಗಿ ಕರಗಿಸಬೇಕು. ಸಸ್ಯಾಹಾರಿಗಳಿಗೆ ಅಲ್ಲಿ ಹಾಲಿನ ಪದಾರ್ಥವೇ ದಿಕ್ಕು, ಮೊದಲೇ ತಿಳಿದುಕೊಂಡು ಹೋಗಿ.

ಸಮಸ್ಯೆ ಏನೆಂದರೆ ದಾರಿ ಮತ್ತು ಶೌಚಾಲಯ. ಹೆಂಗಸರಿಗೆ ದೂರದ ಪ್ರಯಾಣದಲ್ಲಿ ಇದು ದೊಡ್ಡ ಕಷ್ಟ, ಮುಚ್ಚಿಡುವಂಥದ್ದೇನೂ ಅಲ್ಲ. ಮೇಲೆ ಹೇಳಿದ ಒಯುನ್‌ಗೆರೆಲ್ ಅವರು ಸಚಿವ ಸ್ಥಾನ ಬಿಟ್ಟ ಮೇಲೆ ಹಿಡಿದ ಕೆಲಸ ಇದೇ, ಗೊತ್ತಾ? ಗುಂಡಿ ಕಕ್ಕಸುಗಳ ಜಾಗದಲ್ಲಿ ಸರಿಯಾದ ಶೌಚಾಲಯ ಬರಬೇಕು ಅಂತ ಗೆರ್ ಬಡಾವಣೆಗಳಲ್ಲಿ ಓಡಾಡಿದರು. ಮಂತ್ರಿಯಾಗಿದ್ದವರು ಇಂಥ ಕೆಲಸ ಹಿಡಿಯುವುದು ನನಗೆ ಬಹಳ ದೊಡ್ಡದಾಗಿ ಕಂಡಿತು.

ಗಾಳಿಪಟ_ಮೈಸೂರು

ಅಕ್ಕ, ನಿಮ್ಮ ಅನುಭವ ಓದಿ ಖುಷಿಯಾಯಿತು. ಒಂದೆರಡು ಅಂಕಿ ಹಾಕುತ್ತೇನೆ, ಚರ್ಚೆಗೆ ನೆರವಾಗಲಿ.

ಸರ್ಕಾರ 2023, 2024, 2025 ಈ ಮೂರು ವರ್ಷವನ್ನು 'ಮಂಗೋಲಿಯಾಕ್ಕೆ ಬನ್ನಿ' ವರ್ಷಗಳೆಂದು ಸಾರಿತು. 34 ದೇಶಗಳವರಿಗೆ 2025ರ ಕೊನೆವರೆಗೆ ವೀಸಾ ಬೇಡ ಎಂದಿತು. ವರ್ಷಕ್ಕೆ 10 ಲಕ್ಷ ಪ್ರವಾಸಿಗರ ಗುರಿ. 'ಗೋ ಮಂಗೋಲಿಯಾ' ಎಂಬ ಹೆಸರಿನಲ್ಲಿ ಪ್ರಚಾರ. ಕೊರೋನಾಕ್ಕೆ ಮೊದಲು, 2019ರಲ್ಲಿ ಬಂದವರು 5.77 ಲಕ್ಷ. 2024ರಲ್ಲಿ ಅದು ಸುಮಾರು 8 ಲಕ್ಷಕ್ಕೆ ಏರಿತು. ಗುರಿ ಮುಟ್ಟಲಿಲ್ಲ, ಆದರೆ ಏರಿಕೆ ಸಣ್ಣದಲ್ಲ. ಬಂದವರಲ್ಲಿ ಹೆಚ್ಚಿನವರು ಚೀನಾ, ರಷ್ಯಾ ಮತ್ತು ದಕ್ಷಿಣ ಕೊರಿಯಾದವರು.

ಗಣಿಯ ದುಡ್ಡನ್ನೇ ನಂಬಿ ಕೂತರೆ ಕಲ್ಲಿದ್ದಲು ಬೆಲೆ ಬಿದ್ದ ದಿನ ದೇಶವೇ ಬೀಳುತ್ತದೆ. ಹಾಗಾಗಿ ಬೇರೆ ಆದಾಯ ಹುಡುಕುವುದು ತಪ್ಪಲ್ಲ. ಹುಲ್ಲುಗಾವಲು ಅಗೆದು ಕಲ್ಲಿದ್ದಲು ತೆಗೆಯುವುದಕ್ಕಿಂತ ಅದೇ ಹುಲ್ಲುಗಾವಲನ್ನು ತೋರಿಸಿ ದುಡಿಯುವುದು ಮೇಲು, ಅಲ್ವಾ?

ಮುಂಡಗೋಡ_ಮಾಸ್ತರ್

ನಮ್ಮೂರಿನ ನಂಟೂ ಇದೆ ನೋಡ್ರಿ ಇದಕ್ಕೆ. ಉತ್ತರ ಕನ್ನಡದ ಮುಂಡಗೋಡದ ಟಿಬೆಟನ್ ಕಾಲೊನಿಯಲ್ಲಿ ಡ್ರೆಪುಂಗ್ ಗೋಮಾಂಗ್ ಮಠ ಇದೆ. ಹಿಂದೆ ಲ್ಹಾಸಾ ಹತ್ತಿರ ಇದ್ದಾಗಿನಿಂದಲೂ ಮಂಗೋಲರು ಓದಲು ಹೋಗುತ್ತಿದ್ದ ಮಠ ಅದು. ಈಗಲೂ ಮಂಗೋಲಿಯಾದ ಯುವ ಭಿಕ್ಷುಗಳು ಅಲ್ಲಿಂದ ಇಲ್ಲಿಗೆ ಬಂದು ವರ್ಷಗಟ್ಟಲೆ ಓದುತ್ತಾರೆ. ಮೈನಸ್ 30 ಡಿಗ್ರಿ ಊರಿನ ಹುಡುಗರು ನಮ್ಮ ಏಪ್ರಿಲ್ ಬಿಸಿಲಿನಲ್ಲಿ ತರ್ಕಶಾಸ್ತ್ರ ಕಲಿಯುತ್ತಾರೆ. ಸಂತೆ ದಿನ ಅಂಗಡಿಗೆ ಬಂದಾಗ ಕನ್ನಡದಲ್ಲಿ ಎರಡು ಮಾತಾಡಿದರೆ ನಮಗೆ ಖುಷಿ.

ಅವರು ಇಷ್ಟು ದೂರ ಬರಬೇಕಾದದ್ದು ಯಾಕೆ ಅನ್ನುವುದೂ ಈ ಚರ್ಚೆಗೆ ಸೇರಿದ್ದೇ. 1930ರ ದಶಕದ ಕೊನೆಯಲ್ಲಿ ಅಲ್ಲಿನ ಕಮ್ಯುನಿಸ್ಟ್ ಸರ್ಕಾರ ನೂರಾರು ಮಠಗಳನ್ನು ನೆಲಸಮ ಮಾಡಿತು. ಸಾವಿರಾರು ಲಾಮಾಗಳನ್ನು ಕೊಂದಿತು. ಕಲಿಸುವ ಗುರುಗಳ ತಲೆಮಾರೇ ಕಡಿದುಹೋಯಿತು. 1990ರಲ್ಲಿ ಪ್ರಜಾಪ್ರಭುತ್ವ ಬಂದ ಮೇಲೆ ಮತ್ತೆ ಕಟ್ಟಬೇಕಾಯಿತು. ಆ ಹೊತ್ತಿನಲ್ಲಿ ಭಾರತದ ರಾಯಭಾರಿಯಾಗಿ ಹತ್ತು ವರ್ಷ ಅಲ್ಲಿದ್ದವರು ಲಡಾಖಿನ ಕುಶೋಕ್ ಬಕುಲ ರಿಂಪೋಚೆ. ರಾಯಭಾರಿಯೇ ಲಾಮಾ. ಅಲ್ಲಿನ ಜನ ಇವತ್ತಿಗೂ ಅವರನ್ನು ಗುರು ಅಂತಲೇ ನೆನೆಯುತ್ತಾರೆ.

2022ರ ಜೂನಿನಲ್ಲಿ ಭಾರತದಿಂದ ಬುದ್ಧನ ಪವಿತ್ರ ಅವಶೇಷಗಳನ್ನು ಉಲಾನ್‌ಬಾತರ್‌ನ ಗಂದನ್ ಮಠಕ್ಕೆ 11 ದಿನ ದರ್ಶನಕ್ಕೆ ಒಯ್ದಿದ್ದರು. ಆಗ ಅಲ್ಲಿನ ಸಂಸ್ಕೃತಿ ಸಚಿವೆ ಇದೇ ನೋಮಿನ್. ಬುದ್ಧವಚನಗಳ ಸಂಗ್ರಹವಾದ ಮಂಗೋಲಿಯನ್ ಕಂಜೂರಿನ 108 ಸಂಪುಟಗಳನ್ನು ಮರುಮುದ್ರಣ ಮಾಡುವ ಕೆಲಸವನ್ನೂ ಭಾರತದ ಸಂಸ್ಕೃತಿ ಸಚಿವಾಲಯ ಹಿಡಿದಿತ್ತು. ಒಡೆದು ಹೋದದ್ದನ್ನು ಮತ್ತೆ ಜೋಡಿಸುವ ಇಂಥ ಕೆಲಸಕ್ಕೆ ಪ್ರವಾಸಿಗರ ಲೆಕ್ಕ ಏನೂ ಹೇಳುವುದಿಲ್ಲ. ಇದರಲ್ಲಿ ದೂರದೇಶದವರ ಮಾತು ಖರೇ ಅದ.

ರಂಗಪ್ರಿಯೆ

ಮಾಸ್ತರ್, ಇದು ನನಗೆ ಗೊತ್ತೇ ಇರಲಿಲ್ಲ. ಧನ್ಯವಾದ.

ಇನ್ನೊಂದು ಪ್ರಶ್ನೆ ಇದೆ. ಟಿವಿ ವಾಹಿನಿಯ ಮುಖ್ಯಸ್ಥರಾಗಿದ್ದವರು ಸಂಸ್ಕೃತಿ ಸಚಿವರಾದರೆ ಹಿತಾಸಕ್ತಿಯ ಘರ್ಷಣೆ ಅಂತ ಅಲ್ಲಿ ಯಾರೂ ಕೇಳುವುದಿಲ್ಲವಾ? ಇದು ಒಬ್ಬರ ಮೇಲಿನ ಆರೋಪ ಅಲ್ಲ. ವ್ಯವಸ್ಥೆಯ ಬಗ್ಗೆ ಕೇಳುತ್ತಿದ್ದೇನೆ.

ದೂರದೇಶ_ಓದುಗ

ಮೇಡಂ, ಈ ಪ್ರಶ್ನೆ ಬರಲೇಬೇಕಿತ್ತು. ಉದ್ಯಮದಿಂದ ರಾಜಕೀಯಕ್ಕೆ ಬರುವುದು ಅಲ್ಲಿ ತೀರಾ ಸಾಮಾನ್ಯ. ತ್ಸೋನ್‌ಜಿನ್ ಬೋಲ್ಡೋಗ್‌ನಲ್ಲಿ ಕುದುರೆ ಮೇಲೆ ಕೂತ ಚೆಂಗೀಸ್ ಖಾನನ 40 ಮೀಟರ್ ಎತ್ತರದ ಉಕ್ಕಿನ ಪ್ರತಿಮೆ ಇದೆಯಲ್ಲ, ಅದನ್ನು 2008ರಲ್ಲಿ ಕಟ್ಟಿದ್ದು ಸರ್ಕಾರ ಅಲ್ಲ, ಬತ್ತುಲ್ಗ ಎಂಬುವರ ಕಂಪನಿ. ಅವರೇ ಆಮೇಲೆ 2017ರಿಂದ 2021ರವರೆಗೆ ದೇಶದ ಅಧ್ಯಕ್ಷ. ಸಣ್ಣ ದೇಶ, ದುಡ್ಡು ಮತ್ತು ಅನುಭವ ಇರುವವರು ಕೆಲವೇ ಜನ. ಅವರೇ ಎಲ್ಲ ಕಡೆ ಕಾಣುತ್ತಾರೆ.

ಹಾಗಂತ ಜನ ಸುಮ್ಮನಿರುವುದಿಲ್ಲ. 2025ರ ಮೇನಲ್ಲಿ ಪ್ರಧಾನಿ ಮಗನ ಐಷಾರಾಮಿ ಖರ್ಚಿನ ಸುದ್ದಿ ಹಬ್ಬಿದಾಗ ಯುವಜನ ಸುಖ್‌ಬಾತರ್ ಚೌಕಕ್ಕೆ ಬಂದು ಕೂತರು. ಆಸ್ತಿ ಎಲ್ಲಿಂದ ಬಂತು ಹೇಳಿ ಅಂದರು. ಜೂನ್ ಆರಂಭದಲ್ಲಿ ಒಯುನ್-ಎರ್ಡೆನೆ ಸಂಸತ್ತಿನಲ್ಲಿ ವಿಶ್ವಾಸಮತ ಸೋತರು, ಸರ್ಕಾರ ಬಿತ್ತು. ಡೈನೋಸಾರ್ ನೋಡಲು ಜನ ಸಾಲು ನಿಂತಿದ್ದೂ ಇದೇ ಚೌಕದಲ್ಲಿ.

ನೋಮಿನ್ ಅವಧಿಯ ಬಗ್ಗೆ ನನ್ನ ಲೆಕ್ಕ ಹೀಗಿದೆ. ಹೊರಗೆ ಹೆಸರು ಮಾಡುವ ಕೆಲಸ ಅವರ ಕಾಲದಲ್ಲಿ ನಡೆದಷ್ಟು ಹಿಂದೆ ನಡೆದಿರಲಿಲ್ಲ. ಜಿಂಕೆ ಕೆತ್ತಿದ ಕಂಚಿನ ಯುಗದ ನಿಲುಗಲ್ಲುಗಳು 2023ರಲ್ಲಿ ವಿಶ್ವ ಪರಂಪರೆ ಪಟ್ಟಿಗೆ ಸೇರಿದವು. ದಿ ಹೂ ಎಂಬ ಬ್ಯಾಂಡ್ 2022ರಲ್ಲಿ ಯುನೆಸ್ಕೋದ ಶಾಂತಿ ಕಲಾವಿದರಾಯಿತು. ಇದನ್ನೆಲ್ಲ ನಾನು ಮನಸಾರೆ ಮೆಚ್ಚುತ್ತೇನೆ. ನನ್ನ ವಿರೋಧ ಒಂದೇ: ನಾಲ್ಕು ಖಾತೆ ಒಟ್ಟಿಗೆ ಕಟ್ಟಿ, ಎಲ್ಲಕ್ಕೂ 10 ಲಕ್ಷ ಅನ್ನುವ ಒಂದೇ ಅಳತೆಗೋಲು ಇಡುವುದು. ಆ ಕಲ್ಲುಗಳು ಬಯಲಿನಲ್ಲಿ ನಿಂತಿವೆ. ಜೀಪುಗಳು ಎಲ್ಲಿ ಬೇಕಾದರೂ ದಾರಿ ಮಾಡಿಕೊಂಡು ಹೋಗುವ ಊರು ಅದು. ಪಟ್ಟಿಗೆ ಸೇರಿದ ಮೇಲೆ ನೋಡಲು ಬರುವವರು ಹೆಚ್ಚುತ್ತಾರೆ. ಕಾವಲುಗಾರರೂ ಅಷ್ಟೇ ಹೆಚ್ಚಬೇಕು.

ಅಲೆಮಾರಿ_ಅಕ್ಕ

ಇದು ನಿಜ. ಹುಲ್ಲಿನ ಮೇಲೆ ಒಂದರ ಪಕ್ಕ ಒಂದು ಹತ್ತಾರು ಚಕ್ರದ ಜಾಡು ಬಿದ್ದಿರುವುದನ್ನು ನಾನೇ ಕಂಡಿದ್ದೇನೆ. ಒಂದು ಜಾಡು ಕೆಟ್ಟರೆ ಚಾಲಕರು ಪಕ್ಕದಲ್ಲಿ ಇನ್ನೊಂದು ಮಾಡುತ್ತಾರೆ. ಹುಲ್ಲು ಮತ್ತೆ ಬರಲು ವರ್ಷಗಳೇ ಬೇಕು ಎಂದು ನಮ್ಮ ಚಾಲಕರೇ ಬೇಸರದಿಂದ ಹೇಳಿದರು.

ಕುರಿಹಟ್ಟಿ_ಕಡೂರು

ಅಕ್ಕ, ಕುಟುಂಬದ ಮನೆಯಲ್ಲಿ ಉಳಿಯುವ ವ್ಯವಸ್ಥೆಯನ್ನು ಹೇಗೆ ಮಾಡಿಕೊಂಡಿರಿ ಅಂತ ಸ್ವಲ್ಪ ವಿವರವಾಗಿ ಬರೆಯಿರಿ. ನಮ್ಮ ಹಟ್ಟಿಯ ಇಬ್ಬರು ಹುಡುಗರಿಗೆ ಅಲ್ಲಿಯ ಕುರಿ ಸಾಕಣೆ ನೋಡುವ ಆಸೆ ಇದೆ.

ಅಲೆಮಾರಿ_ಅಕ್ಕ

ಖಂಡಿತ ಬರೆಯುತ್ತೇನೆ ತಮ್ಮ, ಬೇರೆ ಎಳೆಯಲ್ಲಿ ಹಾಕುತ್ತೇನೆ. ಸದ್ಯಕ್ಕೆ ಇಷ್ಟು: ರಾಜಧಾನಿಯಲ್ಲಿ ಚಾಲಕ ಮತ್ತು ಭಾಷೆ ಬಲ್ಲವರೊಬ್ಬರನ್ನು ಗೊತ್ತುಮಾಡಿಕೊಂಡರೆ ಅವರೇ ಪರಿಚಯದ ಕುಟುಂಬಕ್ಕೆ ಕರೆದೊಯ್ಯುತ್ತಾರೆ. ಕುರಿ ಉಣ್ಣೆ ಕತ್ತರಿಸುವುದು ಬೇಸಿಗೆಯಲ್ಲಿ, ಜೂನ್‌ನಿಂದ ಆಗಸ್ಟ್ ಒಳಗೆ ಹೋಗಲು ಹೇಳಿ. ಬರಿಗೈಲಿ ಹೋಗಬಾರದು, ಮನೆಯ ಮಕ್ಕಳಿಗೆ ಏನಾದರೂ ಒಯ್ಯಲಿ.